ನಲವತ್ತೆರಡನೆಯ ಹಲ್ಲು

ಆ ಕಟ್ಟಡದ ಮಕ್ಕಳು ಅವಳಿಗೆ ಜೋಪಾನಮ್ಮ ಎಂದು ಹೆಸರಿಟ್ಟಿದ್ದರು. ಅದರಲ್ಲಿ ಮಕ್ಕಳ ತಪ್ಪೇನೂ ಇಲ್ಲ ಬಿಡಿ. ಮೆಟ್ಟಿಲಿಳಿಯುವವರಿಗೆ ಜೋಪಾನ, ಸೈಕಲ್ಲು ಹತ್ತುವವರಿಗೆ ಜೋಪಾನ, ಬಿಸಿ ಹಾಲು ಕುಡಿಯುವವರಿಗೂ ಜೋಪಾನ. ಮೂರನೆಯ ಮಹಡಿಯಲ್ಲಿ ಮನೆ, ಲಿಫ್ಟು ಇದೆ, ಆದರೆ ಹನ್ನೊಂದು ವರ್ಷದಲ್ಲಿ ಅವಳು ಅದರೊಳಗೆ ಕಾಲಿಟ್ಟವಳಲ್ಲ. ನಡುವೆ ನಿಂತುಬಿಟ್ಟರೆ? ಹಗ್ಗ ಹರಿದರೆ? ಅವಳ ಹತ್ತಿರ ಇಂಥ 'ರೆ'ಗಳು ಡಬ್ಬಿಗಟ್ಟಲೆ ಇದ್ದವು.

ಇದು ತವರಿನ ಬಳುವಳಿ. ಅವಳ ಅಮ್ಮ ಬಟ್ಟೆ ಹೊಲಿಯುವವಳು. ಸೂಜಿ ಕಳೆಯಿತೆಂದರೆ ಮನೆಮಂದಿಯೆಲ್ಲ ಇದ್ದಲ್ಲೇ ಕಂಬದ ಹಾಗೆ ನಿಲ್ಲಬೇಕು. ಒಂದು ಕಾಲು ಎತ್ತಿದ್ದವರು ಎತ್ತಿಕೊಂಡೇ ಇರಬೇಕು. ಅಮ್ಮ ನೆಲದ ಮೇಲೆ ಕೂತು ಅಂಗೈಯಿಂದ ಇಂಚು ಇಂಚು ಸವರಿ ಸೂಜಿ ಹಿಡಿದು ತೋರಿಸಿದ ಮೇಲೆಯೇ ಉಳಿದವರಿಗೆ ಬಿಡುಗಡೆ. ಒಮ್ಮೆ ಸೂಜಿ ಸಿಗಲೇ ಇಲ್ಲ. ಆ ವರ್ಷವೆಲ್ಲ ಅವರು ಮನೆಯೊಳಗೆ ಚಪ್ಪಲಿ ಹಾಕಿಕೊಂಡೇ ಓಡಾಡಿದರು. ಹಾಸಿಗೆಯ ಮೇಲೆ ಕೂರುವಾಗಲೂ ಮೊದಲು ಕೈಯಿಂದ ತಟ್ಟಿ ನೋಡುತ್ತಿದ್ದರು. ಹೀಗೆ ಬೆಳೆದವಳು ಧೈರ್ಯವಂತೆಯಾಗಿದ್ದರೆ ಅದು ಆಶ್ಚರ್ಯ.

ಅವಳ ಗಂಡ ಊರಾಚೆಯ ಒಂದು ವರ್ಕ್‌ಶಾಪಿನಲ್ಲಿ ಲೇತ್ ಮೆಷಿನ್ನಿನ ಮೇಸ್ತ್ರಿ. ಮೂವತ್ತು ವರ್ಷದಿಂದ ಕಬ್ಬಿಣ ಕೊರೆಯುತ್ತಿದ್ದ. ಮಾತು ಕಡಿಮೆ, ಆಡಿದರೆ ಜೋರು. ಇವಳಿಗೆ ಅವನೊಬ್ಬನೇ ಧೈರ್ಯ. ಬೆಳಿಗ್ಗೆ ಅವಳು ಅಡುಗೆಕಟ್ಟೆಯತ್ತ ಮುಖ ಮಾಡಿ ಲಟ್ಟಿಸುತ್ತಾ ನಿಂತರೆ, ಹಿಂದೆ ಕುರ್ಚಿಯಲ್ಲಿ ಅವನು ಕಾಫಿ ಲೋಟ ಹಿಡಿದು ಕೂರುತ್ತಿದ್ದ. ಹಿಂದಿನ ದಿನದ ಹೆದರಿಕೆಗಳನ್ನೆಲ್ಲ ಅವಳು ಒಂದೊಂದಾಗಿ ಹೇಳುತ್ತಿದ್ದಳು. ಪಕ್ಕದ ಮನೆಯ ಗ್ಯಾಸಿನ ವಾಸನೆ, ಮಗಳ ಫೋನು ಒಂದು ದಿನ ಬಾರದೆ ಇದ್ದದ್ದು, ತನ್ನ ಎಡಗೈ ಜೋಮು ಹಿಡಿದದ್ದು. ಅವನು ಹಿಂದಿನಿಂದ "ಹ್ಞೂ" ಅನ್ನುತ್ತಿದ್ದ. ಸ್ವಲ್ಪ ಬಿಟ್ಟು ಮತ್ತೊಂದು "ಹ್ಞೂ". ಆ ಎರಡು ಹ್ಞೂಗಳಿಗೆ ಅವಳ ಅರ್ಧ ಭಾರ ಇಳಿಯುತ್ತಿತ್ತು. ಇಷ್ಟೆಲ್ಲ ಕೇಳಿಯೂ ಮನುಷ್ಯ ಅಲ್ಲಾಡುವುದಿಲ್ಲವಲ್ಲ, ಹಾಗಾದರೆ ದೊಡ್ಡದೇನೂ ಇರಲಾರದು ಎಂದು ಅವಳಿಗೆ ಸಮಾಧಾನ.

ವರ್ಕ್‌ಶಾಪಿನಲ್ಲಿ ಒಟ್ಟಿಗೆ ಊಟ ಮಾಡುವವರು ನಾಲ್ವರು. ಮೇಸ್ತ್ರಿ, ವೆಲ್ಡಿಂಗಿನವನು, ಗ್ರೈಂಡಿಂಗಿನವನು ಮತ್ತು ಗೇಟು ಕಾಯುವ ತಾತ. ದಿನಕ್ಕೊಬ್ಬರ ಮನೆಯಿಂದ ನಾಲ್ವರಿಗೂ ಡಬ್ಬಿ. ಗುರುವಾರ ಇವಳ ಸರದಿ, ಗುರುವಾರ ಅಂದರೆ ತರಕಾರಿ ತುಂಬಿದ ಪರಾಠ. ಬೇರೆ ಏನು ಕಳಿಸಿದರೂ ಗೇಟಿನ ತಾತ ಮುಖ ಗಂಟು ಹಾಕುತ್ತಿದ್ದರಂತೆ.

ಆ ಗುರುವಾರವೂ ಅವಳು ಐದಕ್ಕೇ ಎದ್ದಳು. ಹೂಕೋಸು, ಕ್ಯಾರೆಟ್ಟು, ಮೂಲಂಗಿ ಮೂರನ್ನೂ ತುರಿದಳು. ಉಪ್ಪು ಬೆರೆಸಿ ಹತ್ತು ನಿಮಿಷ ಬಿಟ್ಟು, ನೀರು ಬಿಟ್ಟುಕೊಂಡ ಮೇಲೆ ಬಿಳಿ ಬಟ್ಟೆಯಲ್ಲಿ ಕಟ್ಟಿ ಹಿಂಡಿದಳು. ಬೇರೆಯವರು ಒಮ್ಮೆ ಹಿಂಡುತ್ತಾರೆ, ಇವಳು ಮೂರು ಸಲ. ನೀರಿನಂಶ ಉಳಿದರೆ ಲಟ್ಟಿಸುವಾಗ ಹಿಟ್ಟು ಒಡೆದು ತರಕಾರಿ ಹೊರಗೆ ಇಣುಕುತ್ತದೆ ಎಂಬ ಭಯ. ಹಿಂಡಿದ ನೀರನ್ನು ಚೆಲ್ಲದೆ ಅದರಲ್ಲೇ ಗೋಧಿ ಹಿಟ್ಟು ಕಲಸಿದಳು. ತುರಿಗೆ ಹಸಿಮೆಣಸಿನಕಾಯಿ, ಶುಂಠಿ, ಕೊತ್ತಂಬರಿ ಸೊಪ್ಪು, ಚೂರು ಓಂಕಾಳು. ಹಿಟ್ಟಿನ ಉಂಡೆಯನ್ನು ಬಟ್ಟಲಿನ ಹಾಗೆ ಮಾಡಿ, ಅಂಚು ತೆಳುವಾಗಿ ತಳ ದಪ್ಪವಾಗಿ ಇಟ್ಟು, ತುರಿ ತುಂಬಿ, ಬಾಯಿ ಸೇರಿಸಿ, ಜುಟ್ಟು ಹಿಡಿದು ತಿರುಚಿ ಒತ್ತಿದಳು. ಲಟ್ಟಣಿಗೆಯನ್ನು ನಡುವಿನಿಂದ ಅಂಚಿಗೆ ಮೆಲ್ಲಗೆ ನಡೆಸಿದಳು. ಒಂದೂ ಒಡೆಯಲಿಲ್ಲ. ಹೆದರುವ ಕೈಗೆ ಇದೊಂದು ವರ. ಹತ್ತು ಪರಾಠ ಆಯಿತು. ಎಂಟು ಡಬ್ಬಿಗೆ, ಎರಡು ತನಗೆ. ಒಂದು ಚಿಕ್ಕ ಡಬ್ಬಿಯಲ್ಲಿ ಮೊಸರು.

ಮೇಸ್ತ್ರಿ ಹೊರಟ. "ಜೋಪಾನ" ಅಂದಳು. ಅವನು ತಿರುಗಿ ನೋಡದೆ ಇಳಿದುಹೋದ.

ಪಾತ್ರೆಗಳನ್ನು ನೆನೆಹಾಕಿ ಬಟ್ಟೆ ಒಗೆದು ಹರವಿ ಬರುವಾಗ ಹನ್ನೊಂದೂವರೆ. ಅವಳ ತುರಿಮಣೆ ಹಿಡಿಯಿರುವ ಚಪ್ಪಟೆ ತಗಡು. ಏಳು ಸಾಲು, ಸಾಲಿಗೆ ಆರು ಹಲ್ಲು, ಒಟ್ಟು ನಲವತ್ತೆರಡು. ದಿನವೂ ತೊಳೆಯುವಾಗ ಹೆಬ್ಬೆರಳಿಂದ ಸವರುತ್ತಾ ಅವಳು ಎಣಿಸುತ್ತಿದ್ದಳು. ಇದನ್ನು ಯಾರಿಗೂ ಹೇಳಿರಲಿಲ್ಲ, ನಗುತ್ತಾರೆಂದು. ನಿನ್ನೆ ಮಧ್ಯಾಹ್ನ ತೊಳೆದಾಗ ನಲವತ್ತೆರಡೂ ಇದ್ದವು.

ಇವತ್ತು ಐದನೆಯ ಸಾಲಿನಲ್ಲಿ ಬೆರಳು ನುಣ್ಣಗೆ ಜಾರಿತು.

ಅವಳು ಮತ್ತೆ ಎಣಿಸಿದಳು. ಕಿಟಕಿಯ ಬೆಳಕಿಗೆ ಹಿಡಿದು ಎಣಿಸಿದಳು. ನಲವತ್ತೊಂದು. ಹಲ್ಲು ಇರಬೇಕಾದಲ್ಲಿ ಒಂದು ಖಾಲಿ ತೂತು. ಬಿದ್ದುಹೋದ ಹಲ್ಲು ಅಕ್ಕಿಕಾಳಿನಷ್ಟು ದೊಡ್ಡದು, ಬ್ಲೇಡಿನಷ್ಟು ಹರಿತ. ಸಿಂಕಿನ ಜಾಲರಿ ತೆಗೆದು ನೋಡಿದಳು, ಕಸದ ಬುಟ್ಟಿಯನ್ನು ಹಳೆಯ ಪೇಪರಿನ ಮೇಲೆ ಸುರಿದು ಸಿಪ್ಪೆಗಳನ್ನು ಒಂದೊಂದಾಗಿ ಬಿಡಿಸಿದಳು, ಹಿಂಡಿದ ಬಟ್ಟೆಯನ್ನು ಒದರಿದಳು. ತನ್ನ ಪಾಲಿನ ಎರಡು ಪರಾಠಗಳನ್ನು ತಟ್ಟೆಯಲ್ಲಿಟ್ಟು ಉಗುರಿನಷ್ಟು ಚೂರು ಮಾಡಿ ಹಿಸುಕಿ ನೋಡಿದಳು. ಇಲ್ಲ.

ಅಂದರೆ ಅದು ಆ ಎಂಟರಲ್ಲಿದೆ. ತುರಿಯಲ್ಲೇ ಇರಬೇಕೆಂದೂ ಇಲ್ಲ, ಹಿಂಡಿದ ನೀರಿನ ಜೊತೆ ಹಿಟ್ಟಿಗೂ ಸೇರಿರಬಹುದು. ಅಂಚು ಕಡಿದವನಿಗೂ ಸಿಗಬಹುದು, ನಡುವೆ ಕಡಿದವನಿಗೂ ಸಿಗಬಹುದು. ಅವಳ ಕಣ್ಣಿಗೆ ಗಂಟಲು ಮಾತ್ರ ಕಾಣತೊಡಗಿತು. ವೆಲ್ಡಿಂಗಿನವನ ಗಂಟಲು, ಹಲ್ಲಿಲ್ಲದೆ ನುಂಗುವ ಗೇಟಿನ ತಾತನ ಗಂಟಲು, ತನ್ನ ಗಂಡನ ಗಂಟಲು.

ಊಟ ಹನ್ನೆರಡೂವರೆಗೆ. ಗಡಿಯಾರದಲ್ಲಿ ಹನ್ನೊಂದೂ ಮುಕ್ಕಾಲು.

ಮೇಸ್ತ್ರಿಯ ಮೊಬೈಲಿಗೆ ಫೋನು ಮಾಡಿದಳು. ರಿಂಗಾಯಿತು, ಎತ್ತಲಿಲ್ಲ. ಒಂಬತ್ತು ಸಲ ಮಾಡಿದಳು. "ಈ ಮನುಷ್ಯನಿಗೆ ಫೋನು ಕೊಡಿಸಿದ್ದೇ ದಂಡ" ಎಂದು ಬೈಯುತ್ತಲೇ ಹತ್ತನೆಯ ಸಲ ಮಾಡಿದಳು. ವರ್ಕ್‌ಶಾಪಿನ ಆಫೀಸಿನ ನಂಬರು ಗೋಡೆಯ ಕ್ಯಾಲೆಂಡರಿನ ಹಿಂದೆ ಬರೆದಿತ್ತು, ಅದು ಕೆಟ್ಟುಹೋಗಿ ಎಷ್ಟು ಕಾಲವಾಗಿತ್ತೋ, ಸದ್ದೇ ಇಲ್ಲ. ಬೇರೆಯವರ ನಂಬರುಗಳು ಗಂಡನ ಮೊಬೈಲಿನಲ್ಲಿ, ಗಂಡನ ಮೊಬೈಲು ಗಂಡನ ಜೇಬಿನಲ್ಲಿ.

ಕೊನೆಗೆ ಮಗಳಿಗೆ ಮಾಡಿದಳು. ಮಗಳು ಬೇರೆ ಊರಿನಲ್ಲಿ ಶಾಲಾ ಟೀಚರು. "ಅಮ್ಮಾ, ಉಸಿರು ಎಳ್ಕೊಂಡು ಮಾತಾಡು," ಅಂದಳು. "ಅಪ್ಪನಿಗೆ ಫೋನ್ ಮಾಡಿ ಪ್ರಯೋಜನ ಇಲ್ಲ. ನೀನೇ ಹೋಗು."

"ಯಾಕೆ ಪ್ರಯೋಜನ ಇಲ್ಲ?"

ಮಗಳು ಒಂದು ಕ್ಷಣ ಸುಮ್ಮನಾದಳು. "ಮೆಷಿನ್ ಸದ್ದು ಅಲ್ವಾ ಅಲ್ಲಿ. ಹೊರಡಮ್ಮಾ, ಹೊತ್ತಾಗತ್ತೆ."

ನೀನೇ ಹೋಗು ಅನ್ನುವುದು ಸುಲಭ. ಆ ವರ್ಕ್‌ಶಾಪಿಗೆ ಅವಳು ಇದುವರೆಗೆ ಹೋದದ್ದು ಎರಡೇ ಸಲ, ಎರಡೂ ಸಲ ಗಂಡನ ತೋಳು ಹಿಡಿದುಕೊಂಡು. ಒಬ್ಬಳೇ ಬಸ್ಸು ಹತ್ತಿ ಆರು ವರ್ಷವಾಗಿತ್ತು. ಬಸ್‌ಸ್ಟಾಪು ದೊಡ್ಡ ರಸ್ತೆಯ ಆಚೆ, ಅಲ್ಲಿಗೆ ಹೋಗಲು ನೆಲದಡಿಯ ದಾರಿ. ಅದರಲ್ಲಿ ಮೂರು ದೀಪಕ್ಕೆ ಎರಡು ಉರಿಯುವುದಿಲ್ಲ. ಅವಳು ತುರಿಮಣೆಯನ್ನು ಟವೆಲಿನಲ್ಲಿ ಸುತ್ತಿ ಚೀಲಕ್ಕೆ ಹಾಕಿದಳು. ತೋರಿಸದಿದ್ದರೆ ಯಾರು ನಂಬುತ್ತಾರೆ? ಜೋಪಾನಮ್ಮನ ಇನ್ನೊಂದು ಪುಕಾರು ಅಂದುಕೊಂಡು ನಗುತ್ತಾ ತಿಂದುಬಿಡುತ್ತಾರೆ.

ಬಾಗಿಲು ಹಾಕಿದಳು. ಮೆಟ್ಟಿಲಿನ ಕಡೆ ಎರಡು ಹೆಜ್ಜೆ ಇಟ್ಟವಳು ನಿಂತಳು. ಮೂರು ಮಹಡಿ, ತನ್ನ ಮಂಡಿ, ಎರಡು ನಿಮಿಷ. ಲಿಫ್ಟಿನ ಬಾಗಿಲು ತೆರೆದೇ ಇತ್ತು. ಕಣ್ಣು ಮುಚ್ಚಿಕೊಂಡು ಒಳಗೆ ಹೋಗಿ ಗುಂಡಿ ಒತ್ತಿದಳು. ಅದು ಕುಲುಕಿದಾಗ ಚೀಲವನ್ನು ಎದೆಗೆ ಅವುಚಿಕೊಂಡಳು. ಕೆಳಗೆ ಬಾಗಿಲು ತೆರೆದಾಗ ಹೊರಗಿದ್ದ ಇಬ್ಬರು ಮಕ್ಕಳು "ಜೋಪಾನಮ್ಮ ಲಿಫ್ಟಲ್ಲಿ ಬಂದ್ರು ಕಣೋ" ಎಂದು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಅವರಿಗೆ ಜೋಪಾನ ಅನ್ನಲೂ ಅವಳಿಗೆ ನೆನಪಾಗಲಿಲ್ಲ.

ನೆಲದಡಿಯ ದಾರಿಯನ್ನು ಅವಳು ಓಡಿಯೇ ದಾಟಿದಳು. ತನ್ನದೇ ಚಪ್ಪಲಿಯ ಸದ್ದು ಹಿಂದಿನಿಂದ ಯಾರೋ ಬಂದ ಹಾಗೆ ಕೇಳಿಸುತ್ತಿತ್ತು. ಬಸ್ಸಿನಲ್ಲಿ ಸೀಟಿದ್ದರೂ ಕೂರಲಿಲ್ಲ, ಕೂತರೆ ಬಸ್ಸು ನಿಧಾನವಾಗುತ್ತದೇನೋ ಎಂಬಂತೆ ಬಾಗಿಲ ಹತ್ತಿರವೇ ನಿಂತಳು. ಚಾಲಕನ ಎದುರಿನ ಗಡಿಯಾರ ನೋಡುತ್ತಿದ್ದಳು. ಹನ್ನೆರಡೂ ಹತ್ತು. ಹನ್ನೆರಡೂ ಹದಿನೆಂಟು. ಒಂದು ಸಿಗ್ನಲ್ಲಿನಲ್ಲಿ ಬಸ್ಸು ಎರಡು ಸಲ ನಿಂತಿತು.

"ಅಣ್ಣಾ, ಸ್ವಲ್ಪ ಬೇಗ ಹೋಗಕ್ಕಾಗಲ್ವಾ?" ಅಂದಳು.

"ಹಾರಿಸ್ಲಾ ಅಮ್ಮಾ?" ಅಂದ ಚಾಲಕ. ತಿರುಗಿ ಅವಳ ಮುಖ ನೋಡಿದವನು ಎಲ್ಲಿಗೆಂದು ಕೇಳಿದ. ವರ್ಕ್‌ಶಾಪಿನ ಎದುರೇ, ಸ್ಟಾಪು ಇಲ್ಲದ ಕಡೆ, ಬಸ್ಸು ನಿಲ್ಲಿಸಿ ಇಳಿಸಿದ.

ಗೇಟಿನಲ್ಲಿ ತಾತ ಇರಲಿಲ್ಲ. ಊಟಕ್ಕೆ ಕೂತಿದ್ದಾರೆ ಅಂತಾಯಿತು. ಮೆಷಿನ್ನುಗಳೆಲ್ಲ ನಿಂತಿದ್ದವು. ಎಣ್ಣೆ ಮತ್ತು ಸುಟ್ಟ ಕಬ್ಬಿಣದ ವಾಸನೆಯ ಆ ಉದ್ದನೆಯ ಕೋಣೆಯಲ್ಲಿ ಒಂದು ಫ್ಯಾನು ತಿರುಗುವ ಸದ್ದು ಬಿಟ್ಟರೆ ಬೇರೆ ಸದ್ದಿಲ್ಲ. ಕೊನೆಯಲ್ಲಿ ಮರದ ಪೆಟ್ಟಿಗೆಯೊಂದನ್ನು ಬೋರಲು ಹಾಕಿ, ಪೇಪರು ಹಾಸಿ, ನಾಲ್ವರೂ ಕೂತಿದ್ದರು. ಮೂವರು ಅವಳತ್ತ ಮುಖ ಮಾಡಿ, ಮೇಸ್ತ್ರಿ ಬೆನ್ನು ಮಾಡಿ. ಡಬ್ಬಿ ತೆರೆದಿತ್ತು.

"ತಿನ್ನಬೇಡಿ," ಎಂದು ಅವಳು ಬಾಗಿಲಿನಿಂದಲೇ ಕಿರುಚಿದಳು. "ಯಾರೂ ತಿನ್ನಬೇಡಿ."

ಮೂರು ಕೈಗಳು ಇದ್ದಲ್ಲೇ ನಿಂತವು. ತವರಿನಲ್ಲಿ ಸೂಜಿ ಕಳೆದಾಗ ಎಲ್ಲರೂ ನಿಲ್ಲುತ್ತಿದ್ದರಲ್ಲ, ಹಾಗೆಯೇ. ಗೇಟಿನ ತಾತನ ಬಾಯಿ ಅರ್ಧ ತೆರೆದದ್ದು ಹಾಗೇ ಇತ್ತು.

ಮೇಸ್ತ್ರಿ ಮಾತ್ರ ನಿಲ್ಲಲಿಲ್ಲ. ಪರಾಠದ ಒಂದು ತುಂಡು ಮುರಿದು, ಮೊಸರಿಗೆ ಅದ್ದಿ, ಬಾಯಿಗಿಟ್ಟುಕೊಂಡ.

"ರೀ, ಉಗೀರಿ," ಎಂದು ಕೂಗುತ್ತಾ ಅವಳು ಓಡಿದಳು. ಅವನು ಅಗಿಯುತ್ತಲೇ ಇದ್ದ. ಇನ್ನೊಂದು ತುಂಡಿಗೆ ಕೈ ಹಾಕಿದ. ವೆಲ್ಡಿಂಗಿನವನು ಅವನ ಭುಜ ತಟ್ಟಿ ಹಿಂದೆ ಬೆರಳು ತೋರಿಸಿದ. ಆಗ ತಿರುಗಿ ನೋಡಿದ ಮೇಸ್ತ್ರಿಯ ಮುಖ ಅರಳಿತು. "ನೀನೆಲ್ಲಿ ಇಲ್ಲಿ?" ಅಂದ, ಬಾಯಿ ತುಂಬ ಇಟ್ಟುಕೊಂಡು.

ಅವಳು ಅವನ ಗಲ್ಲದ ಕೆಳಗೆ ಅಂಗೈ ಒಡ್ಡಿದಳು. "ಉಗೀರಿ."

ಮೂವತ್ತು ವರ್ಷ ಕಬ್ಬಿಣ ಕೊರೆದ ಮೇಸ್ತ್ರಿ ಎಳೆ ಮಗುವಿನ ಹಾಗೆ ಹೆಂಡತಿಯ ಅಂಗೈಗೆ ಉಗಿದ. ಅವಳು ಅದನ್ನು ಬೆರಳಿಂದ ಹಿಸುಕಿ ಹಿಸುಕಿ ನೋಡಿದಳು. ಏನೂ ಸಿಗಲಿಲ್ಲ.

"ಏನಾಯ್ತಕ್ಕಾ?" ಅಂದ ವೆಲ್ಡಿಂಗಿನವನು. ಅವಳು ಟವೆಲು ಬಿಚ್ಚಿ ತುರಿಮಣೆ ತೋರಿಸಿ, ಏದುಸಿರು ಬಿಡುತ್ತಾ ಹೇಳಿದಳು. ವೆಲ್ಡಿಂಗಿನವನು ಆಗಲೇ ಒಂದೂವರೆ ಮುಗಿಸಿದ್ದ. ಅವನ ಮುಖ ಬಿಳಿಚಿಕೊಂಡಿತು. "ನಂಗೆ ಇಲ್ಲಿ ಏನೋ ಚುಚ್ಚಿದ ಹಾಗಿದೆ," ಎಂದು ಗಂಟಲು ಹಿಡಿದುಕೊಂಡ. ಗ್ರೈಂಡಿಂಗಿನವನು ಹೊಟ್ಟೆ ಮುಟ್ಟಿ ನೋಡಿಕೊಂಡು, "ನಂಗೆ ಇಲ್ಲಿ," ಅಂದ. ಗೇಟಿನ ತಾತ ಬಾಯಲ್ಲಿದ್ದುದನ್ನು ಪೇಪರಿನ ಮೇಲೆ ಉಗಿದು, ಅದನ್ನು ಬಲು ದುಃಖದಿಂದ ನೋಡಿದರು. ಅವಳು ಡಬ್ಬಿಯಲ್ಲಿ ಉಳಿದಿದ್ದ ಪರಾಠಗಳನ್ನೆಲ್ಲ ಪೇಪರಿಗೆ ಸುರಿದುಕೊಂಡು ಚೂರು ಮಾಡತೊಡಗಿದಳು. ತರಕಾರಿ ಪೆಟ್ಟಿಗೆಯ ತುಂಬ ಚೆಲ್ಲಿತು.

"ಏನಂತೆ? ಏನು?" ಎಂದು ಮೇಸ್ತ್ರಿ ಒಬ್ಬೊಬ್ಬರ ಮುಖವನ್ನೂ ನೋಡುತ್ತಿದ್ದ. ತಾತ ತುರಿಮಣೆ ಎತ್ತಿ ಖಾಲಿ ತೂತಿನ ಮೇಲೆ ಬೆರಳಿಟ್ಟು ತೋರಿಸಿದರು.

ಮೇಸ್ತ್ರಿ ಅದನ್ನು ನೋಡಿದ. ಹುಳ್ಳಗೆ ನಕ್ಕ. ಎದ್ದುಹೋಗಿ ತನ್ನ ಟೂಲ್‌ಬಾಕ್ಸಿನಿಂದ ಒಂದು ಬೆಂಕಿಪೊಟ್ಟಣ ತಂದು ಅವಳ ಮುಂದೆ ತೆರೆದ. ಒಳಗೆ ಅಕ್ಕಿಕಾಳಿನಷ್ಟು ಒಂದು ತಗಡಿನ ಚೂರು.

"ನಾನೇ ಮುರಿದಿದ್ದು. ನಿನ್ನೆ ಸಂಜೆ ನೀನು ಬಟ್ಟೆ ಮಡಚ್ತಿದ್ದಾಗ ಹರಿತ ಮಾಡೋಣ ಅಂತ ಅರ ಹಾಕ್ದೆ, ಮುರೀತು. ಬುಡ ನುಣ್ಣಗೆ ಉಜ್ಜಿಟ್ಟೆ. ಮನೆ ಕಸದಲ್ಲಿ ಹಾಕಿದ್ರೆ ನೀನು ನೋಡಿ ಹೆದರ್ತೀಯ ಅಂತ ಇಲ್ಲಿಗೆ ತಂದೆ."

ಅವಳು ಆ ಚೂರನ್ನು ತೂತಿಗೆ ಹಿಡಿದು ನೋಡಿದಳು. ಸರಿಯಾಗಿ ಕೂತಿತು. ನಲವತ್ತೆರಡು.

ವೆಲ್ಡಿಂಗಿನವನಿಗೆ ಹೋದ ಜೀವ ಬಂದಂತಾಯಿತು. ಗಂಟಲ ಚುಚ್ಚು ತಟ್ಟನೆ ವಾಸಿಯಾಗಿ, ಉಳಿದ ಅರ್ಧವನ್ನು ಬಾಯಿಗಿಟ್ಟುಕೊಂಡ. ಗ್ರೈಂಡಿಂಗಿನವನು ಜೋರಾಗಿ ನಕ್ಕ. ತಾತ ಚೂರುಗಳನ್ನೇ ಗುಡ್ಡೆ ಮಾಡಿಕೊಂಡು ಮೊಸರು ಸುರಿದುಕೊಂಡರು. ಅವಳು ನಗಲಿಲ್ಲ. ಪೆಟ್ಟಿಗೆಯ ಪಕ್ಕ ಕುಸಿದು ಕೂತಿದ್ದಳು, ಹೆದರಿಕೆ ಇಳಿದಿರಲಿಲ್ಲ. ಮುಂಚಿನದಕ್ಕಿಂತ ತಣ್ಣಗೆ, ಬೇರೆ ಕಡೆಯಿಂದ ಅದು ಮೇಲೇರುತ್ತಿತ್ತು. ಮೆಷಿನ್ನು ನಿಂತಿತ್ತಲ್ಲ. ಫ್ಯಾನಿನ ಸದ್ದು ಬಿಟ್ಟರೆ ಏನೂ ಇರಲಿಲ್ಲವಲ್ಲ.

"ನಾನು ಬಾಗಿಲಲ್ಲಿ ಕೂಗಿದ್ದು ನಿಮಗೆ ಕೇಳಿಸ್ತಾ?" ಎಂದು ವೆಲ್ಡಿಂಗಿನವನನ್ನು ಕೇಳಿದಳು.

"ಬೀದಿಗೆಲ್ಲಾ ಕೇಳಿಸಿರತ್ತೆ ಅಕ್ಕಾ."

"ಇವರಿಗೆ?"

ನಗು ನಿಂತಿತು. ಮೂವರೂ ಪೇಪರು ನೋಡತೊಡಗಿದರು. ಮೇಸ್ತ್ರಿ ಅವರ ಕಡೆ ಬೆನ್ನು ಮಾಡಿ ಟೂಲ್‌ಬಾಕ್ಸು ಜೋಡಿಸುತ್ತಿದ್ದ.

ಕೊನೆಗೆ ತಾತನೇ ಬಾಯಿ ಬಿಟ್ಟರು. "ನಿನಗೆ ಗೊತ್ತಿಲ್ವೇನಮ್ಮಾ? ನಾಲ್ಕು ತಿಂಗಳ ಹಿಂದೆ ಮೇಲಿನ ಅಟ್ಟದಿಂದ ಒಂದು ಸರಳು ಜಾರ್ತು. ಎಲ್ಲಾ ಕೂಗಿದ್ವಿ. ಇವನು ಅಲ್ಲೇ ನಿಂತಿದ್ದ. ಒಂದು ಮೊಳ ಆಚೆ ಬಿತ್ತು. ಆವತ್ತಿಂದ ಲೇತ್ ಬಿಡಿಸಿ, ಕೂತು ಅರ ಹಾಕೋ ಕೆಲಸ ಕೊಟ್ಟಿದ್ದಾರೆ. ನಿನಗೆ ಹೇಳ್ಬೇಡಿ ಅಂತ ನಮ್ಮ ಹತ್ರ ಮಾತು ತಗೊಂಡಿದ್ದ."

ಒಂದು ಮೊಳ. ನಾಲ್ಕು ತಿಂಗಳ ಹಿಂದೆ ಅವಳು ಯಾವುದಕ್ಕೆ ಹೆದರುತ್ತಿದ್ದಳು? ಪಕ್ಕದ ಮನೆಯ ಗ್ಯಾಸಿಗೆ. ಮೆಟ್ಟಿಲ ಮೇಲೆ ಮಲಗುವ ನಾಯಿಗೆ. ಲಿಫ್ಟು, ಬಸ್ಸು, ಹಲ್ಲು, ಎಲ್ಲದಕ್ಕೂ ಹೆದರಿದ್ದವಳಿಗೆ, ಹೆದರಲೇಬೇಕಾಗಿದ್ದ ಇದೊಂದನ್ನು ಮಾತ್ರ ಯಾರೂ ಕೊಟ್ಟಿರಲಿಲ್ಲ. ಮಗಳು ಫೋನಿನಲ್ಲಿ ಯಾಕೆ ಸುಮ್ಮನಾದಳೆಂದು ಈಗ ತಿಳಿಯಿತು. ಹತ್ತು ಸಲ ರಿಂಗಾದ ಫೋನು ಗಂಡನ ಜೇಬಿನಲ್ಲೇ ಇತ್ತು, ಮೇಲುಬ್ಬಿ ಕಾಣುತ್ತಿತ್ತು.

ಅವಳು ಎದ್ದು ಅವನ ಬೆನ್ನ ಹಿಂದೆ ನಿಂತಳು. "ಎಷ್ಟು ದಿನದಿಂದ ಹೀಗೆ?"

ಮೇಸ್ತ್ರಿ ಸ್ಪ್ಯಾನರ್ ಒರೆಸುತ್ತಾ, "ಹ್ಞೂ," ಅಂದ.

ಆ ಹ್ಞೂ ಅವಳಿಗೆ ಚೆನ್ನಾಗಿ ಗೊತ್ತಿತ್ತು. ದಿನಾ ಬೆಳಿಗ್ಗೆ ಲಟ್ಟಿಸುವಾಗ ಹಿಂದಿನಿಂದ ಕೇಳಿದ್ದ ಅದೇ ಹ್ಞೂ. ತಾನು ಧೈರ್ಯವೆಂದು ತಿಳಿದು ಬದುಕಿದ್ದು ಇದನ್ನೇ. ಅವಳಿಗೆ ಸಿಟ್ಟು ಬಂತು, ಅಳುವೂ ಬಂತು. ಎರಡನ್ನೂ ನುಂಗಿಕೊಂಡು ಅವನ ಎದುರಿಗೆ ಬಂದು, ಎಣ್ಣೆ ಮೆತ್ತಿದ ಆ ಮುಖವನ್ನು ಎರಡೂ ಕೈಯಲ್ಲಿ ಹಿಡಿದಳು.

"ಎಷ್ಟು ದಿನದಿಂದ?"

ಅವನು ಅವಳ ತುಟಿ ನೋಡಿದ. ಸುಳ್ಳು ಹೇಳಲು ಹೊತ್ತು ಸಾಕಾಗಲಿಲ್ಲ. "ಎರಡು ವರ್ಷ ಆಯ್ತು. ಎಡಗಿವಿ ಪೂರ್ತಿ ಹೋಗಿದೆ. ಬಲದ್ದು ಸ್ವಲ್ಪ ಇದೆ. ನೀನು ಹೆದರ್ತೀಯ ಅಂತ..."

"ಹೆದರ್ತೀನಿ," ಅಂದಳು. "ಹೆದರಿಕೊಂಡೇ ಲಿಫ್ಟಲ್ಲಿ ಇಳಿದು ಬಂದೆ. ಹೆದರಿಕೊಂಡೇ ಬಸ್ ಹತ್ತಿದೆ. ನಾಳೆ ಕಿವಿ ಡಾಕ್ಟರ ಹತ್ರಾನೂ ಹೆದರಿಕೊಂಡೇ ಬರ್ತೀನಿ. ನೀವು ಹೇಳಬೇಕಿತ್ತು."

ಅವನಿಗೆ ಎಷ್ಟು ಕೇಳಿಸಿತೋ, ತಲೆ ತಗ್ಗಿಸಿ ನಿಂತಿದ್ದ. ವೆಲ್ಡಿಂಗಿನವನು ಎದ್ದುಹೋಗಿ ಒಂದು ಲೋಟ ನೀರು ತಂದು ಅವಳ ಮುಂದಿಟ್ಟ.

ಮುಂದಿನ ಗುರುವಾರ ಅವಳು ಅಡುಗೆಕಟ್ಟೆಯ ಮೇಲಿದ್ದ ಲಟ್ಟಿಸುವ ಮಣೆಯನ್ನು ಎತ್ತಿ ಊಟದ ಮೇಜಿಗೆ ತಂದಿಟ್ಟಳು, ಅವನ ಕುರ್ಚಿಗೆ ಎದುರಾಗಿ. ತುರಿಮಣೆಯ ನಲವತ್ತೊಂದು ಹಲ್ಲುಗಳನ್ನು ಅವನ ಕಣ್ಣೆದುರಿಗೇ ಎಣಿಸಿದಳು. ಹಿಂಡಿದಳು, ಕಲಸಿದಳು, ತುಂಬಿದಳು. ಲಟ್ಟಿಸುತ್ತಾ, ತಲೆಯೆತ್ತಿ, ನಿಧಾನವಾಗಿ ಹೇಳತೊಡಗಿದಳು. ಬಲಗಿವಿಯೂ ಹೋದರೆ? ರಸ್ತೆ ದಾಟುವಾಗ ಹಿಂದಿನಿಂದ ಗಾಡಿ ಬಂದರೆ? ನಾನು ಬಿದ್ದು ಕೂಗಿದರೆ ನಿಮಗೆ ಗೊತ್ತಾಗದೆ ಹೋದರೆ? ಅವನ ಮುಖ ನೋಡುತ್ತಾ ಲಟ್ಟಿಸಿದ್ದಕ್ಕೆ ಪರಾಠ ಒಂದು ಬದಿ ಒಡೆದು ತರಕಾರಿ ಹೊರಗೆ ಬಂತು. ಅವಳು ಅದನ್ನು ಮುಚ್ಚಲಿಲ್ಲ.

ಮೇಸ್ತ್ರಿ ಕಾಫಿ ಲೋಟ ಕೆಳಗಿಟ್ಟ. ಈ ಸಲ ಹ್ಞೂ ಅನ್ನಲಿಲ್ಲ.

"ನನಗೂ ಹೆದರಿಕೆ ಆಗತ್ತೆ ಕಣೇ," ಅಂದ.

ಒಡೆದ ಪರಾಠವನ್ನು ಅವಳು ಹಾಗೇ ಎತ್ತಿ ಕಾದ ಹೆಂಚಿಗೆ ಹಾಕಿ, ಮತ್ತೆ ಅವನ ಎದುರಿಗೆ ಬಂದು ನಿಂತಳು.